ಮೊದಲು ಬಂದವರು ನಾವು, ಒಳಗೆ ಹೋದವರು ಬೇರೆಯವರು: ಎಮರ್ಜೆನ್ಸಿಯಲ್ಲಿ ಸರದಿ ತೀರ್ಮಾನ ಆಗುವುದು ಹೇಗೆ?

ಹಸಿರುಬಾಗಿಲು

ಹೋದ ವಾರ ಅಮ್ಮ ಬಚ್ಚಲಲ್ಲಿ ಜಾರಿ ಬಿದ್ದು ಬಲಗೈ ಮಣಿಕಟ್ಟು ಮುರಿದುಕೊಂಡರು. ಕೈ ಊದಿಕೊಂಡಿತ್ತು, ಮುಟ್ಟಿದರೆ ಕಿರುಚುತ್ತಿದ್ದರು. ರಾತ್ರಿ ಎಂಟೂವರೆಗೆ ಎಮರ್ಜೆನ್ಸಿಗೆ ಕರೆದುಕೊಂಡು ಹೋದೆ. ಬಾಗಿಲ ಹತ್ತಿರವೇ ಒಬ್ಬ ಸಿಸ್ಟರ್ ಎರಡು ನಿಮಿಷ ಏನೇನೋ ಕೇಳಿದರು, ಬೆರಳಿಗೆ ಕ್ಲಿಪ್ ಹಾಕಿದರು, ಬಿಪಿ ನೋಡಿದರು, ಮುರಿದ ಕೈಯ ಬೆರಳ ತುದಿಗಳನ್ನು ಒತ್ತಿ ಒತ್ತಿ ನೋಡಿದರು. ಚೀಟಿಯ ಮೇಲೆ ಹಸಿರು ಗುರುತು ಹಾಕಿ "ಕೂತಿರಿ, ಕರೀತೀವಿ" ಅಂದರು. ಕರೆದದ್ದು ಹನ್ನೆರಡಕ್ಕೆ.

ಅಷ್ಟರಲ್ಲಿ ನಮಗಿಂತ ಎಷ್ಟೋ ಹೊತ್ತಿನ ನಂತರ ಬಂದ ಐದಾರು ಜನ ಒಳಗೆ ಹೋದರು. ಅವರಲ್ಲಿ ಒಬ್ಬ ಮೂವತ್ತೈದರ ಆಸುಪಾಸಿನವನು, ತನ್ನ ಕಾಲ ಮೇಲೆ ತಾನೇ ನಡೆದುಕೊಂಡು ಬಂದ, ಫೋನಿನಲ್ಲಿ ಮಾತಾಡುತ್ತಿದ್ದ. ಸಿಸ್ಟರ್ ಹತ್ತಿರ ಎರಡು ಮಾತು ಆಡಿದ್ದಷ್ಟೇ, ನೇರವಾಗಿ ಒಳಗೆ. ಪಕ್ಕದಲ್ಲಿ ಅಮ್ಮ ಕಣ್ಣೀರು ಹಾಕುತ್ತಾ ಕೂತಿದ್ದಾರೆ. ನಾನು ತಾಳಲಾರದೆ ಕೌಂಟರಿಗೆ ಹೋಗಿ ಜಗಳ ಆಡಿಬಿಟ್ಟೆ.

ಜಗಳದ ವಿಷಯ ಬಿಡಿ. ನನಗೆ ನಿಜವಾಗಿ ತಿಳಿಯಬೇಕು. ಇದನ್ನು ಯಾರು ತೀರ್ಮಾನಿಸುತ್ತಾರೆ, ಯಾವ ಲೆಕ್ಕದಲ್ಲಿ? ನೋವು ಅಳತೆಗೋಲು ಅಲ್ಲ ಅಂದರೆ ಮತ್ತೆ ಯಾವುದು?

ರಾತ್ರಿಪಾಳಿ

ಅಮ್ಮನಿಗೆ ಈಗ ಹೇಗಿದೆ? ಮೊದಲು ಅದು ಹೇಳಿ.

ನಾನು ಹನ್ನೊಂದು ವರ್ಷದಿಂದ ಎಮರ್ಜೆನ್ಸಿಯಲ್ಲಿ ನರ್ಸ್. ಅದರಲ್ಲಿ ಏಳು ವರ್ಷ ಆ ಬಾಗಿಲ ಹತ್ತಿರದ ಕುರ್ಚಿಯಲ್ಲೇ ಕಳೆದಿದ್ದೇನೆ. ಅದಕ್ಕೆ ಟ್ರಯಾಜ್ ಅನ್ನುತ್ತಾರೆ. ಆ ಎರಡು ನಿಮಿಷದಲ್ಲಿ ನಾವು ರೋಗ ಏನು ಅಂತ ಪತ್ತೆ ಮಾಡುತ್ತಿರುವುದಿಲ್ಲ. ಯಾರಿಗೆ ಕಷ್ಟ ಹೆಚ್ಚು ಅಂತಲೂ ತೂಗುತ್ತಿರುವುದಿಲ್ಲ. ನಮ್ಮ ತಲೆಯಲ್ಲಿ ಇರುವುದು ಒಂದೇ ಪ್ರಶ್ನೆ: ಈ ಮನುಷ್ಯ ಕಾದರೆ ಏನಾಗುತ್ತದೆ? ಹತ್ತು ನಿಮಿಷ ಕಾದರೆ? ಒಂದು ಗಂಟೆ ಕಾದರೆ?

ನಿಮ್ಮ ಅಮ್ಮನ ಮೂಳೆ ಒಂದು ಗಂಟೆ ತಡವಾಗಿ ಕೂಡಿಸಿದರೂ ಕೂಡುತ್ತದೆ. ಆ ಯುವಕನ ಬಗ್ಗೆ ನನಗೇನೂ ಗೊತ್ತಿಲ್ಲ, ಆದರೆ ಅವನು ಆಡಿದ ಎರಡು ಮಾತು "ಎದೆ ಹಿಡಿದ ಹಾಗಿದೆ" ಅಂತ ಇದ್ದಿರಬಹುದು. ಎದೆನೋವು ಅಂದವರಿಗೆ ಬಂದ 10 ನಿಮಿಷದೊಳಗೆ ಇಸಿಜಿ ಆಗಬೇಕು, ಅದನ್ನು ಡಾಕ್ಟರ್ ನೋಡಿ ಆಗಬೇಕು. ನಡೆದುಕೊಂಡು ಬಂದರೂ ಅಷ್ಟೇ, ಹೊತ್ತುಕೊಂಡು ಬಂದರೂ ಅಷ್ಟೇ. ಹೃದಯಾಘಾತ ಆಗುತ್ತಿರುವವರು ಎಷ್ಟೋ ಜನ ನಡೆದುಕೊಂಡೇ ಬರುತ್ತಾರೆ.

ನಾವು ಏನು ನೋಡುತ್ತೇವೆ ಅಂತ ಕೇಳಿದ್ದೀರಿ. ನಿಮ್ಮನ್ನು ಕರೆಯುವ ಮೊದಲೇ ನೋಡಲು ಶುರು ಮಾಡಿರುತ್ತೇವೆ. ಉಸಿರು ಹೇಗಿದೆ, ಒಂದು ಪೂರ್ತಿ ವಾಕ್ಯ ಹೇಳಲು ಆಗುತ್ತಿದೆಯಾ ಇಲ್ಲ ನಡುವೆ ನಿಲ್ಲಿಸಿ ಉಸಿರು ಎಳೆದುಕೊಳ್ಳುತ್ತಿದ್ದಾರಾ, ಮುಖ ಬಿಳಿಚಿಕೊಂಡಿದೆಯಾ, ತಣ್ಣನೆ ಬೆವರು ಇದೆಯಾ, ಹೆಸರು ಕರೆದರೆ ತಟ್ಟನೆ ತಿರುಗುತ್ತಾರಾ. ಆಮೇಲೆ ನಾಡಿ, ಬಿಪಿ, ಆಕ್ಸಿಜನ್, ಜ್ವರ. ಮತ್ತೆ ನಿಮಿಷಕ್ಕೆ ಎಷ್ಟು ಸಲ ಉಸಿರಾಡುತ್ತಿದ್ದಾರೆ ಎನ್ನುವ ಎಣಿಕೆ. ಹೊಸಬರು ಇದನ್ನು ಅಂದಾಜಿನಲ್ಲಿ 18 ಅಂತ ಬರೆದುಬಿಡುತ್ತಾರೆ. ಹಾಗೆ ಬರೆಯುವುದನ್ನು ಕಂಡರೆ ನನಗೆ ತಡೆಯಲು ಆಗುವುದಿಲ್ಲ. ದೇಹ ಒಳಗೊಳಗೇ ಸೋಲುತ್ತಿರುವಾಗ ಬಿಪಿ ಇಳಿಯುವುದಕ್ಕಿಂತ ಎಷ್ಟೋ ಮೊದಲೇ ಉಸಿರಿನ ವೇಗ ಏರಿರುತ್ತದೆ.

ಇನ್ನು ನಿಮ್ಮ ಅಮ್ಮನ ಬೆರಳು ಒತ್ತಿದ್ದು. ಮುರಿದ ಮೂಳೆ ರಕ್ತನಾಳವನ್ನೋ ನರವನ್ನೋ ಒತ್ತುತ್ತಿದೆಯಾ ಅಂತ ನೋಡುವ ಬಗೆ ಅದು. ಒತ್ತಿ ಬಿಟ್ಟಾಗ ಉಗುರಿನ ಬಣ್ಣ ಎರಡು ಸೆಕೆಂಡಿನಲ್ಲಿ ವಾಪಸ್ ಬರಬೇಕು. ಬಂದಿತ್ತು, ಅದಕ್ಕೇ ಹಸಿರು. ಬಾರದೆ ಇದ್ದಿದ್ದರೆ ಆ ಯುವಕನ ಜೊತೆಗೇ ನಿಮ್ಮಮ್ಮನೂ ಒಳಗೆ ಹೋಗುತ್ತಿದ್ದರು.

ಒಂಟಿಮರ

ಹಾಗಾದರೆ ನೋವಿಗೆ ಬೆಲೆಯೇ ಇಲ್ಲವಾ? ಮೂರೂವರೆ ಗಂಟೆ ಅಳುತ್ತಾ ಕೂರುವುದು ಸರಿ ಅಂತೀರಾ?

ರಾತ್ರಿಪಾಳಿ

ಖಂಡಿತ ಸರಿ ಅಲ್ಲ. ಕಾಯಿಸುವುದು ಬೇರೆ, ನೋವಿನಲ್ಲೇ ಬಿಟ್ಟುಬಿಡುವುದು ಬೇರೆ. ಹಸಿರು ಗುರುತು ಹಾಕಿದ ಕೂಡಲೇ ಕೈಗೆ ಆಧಾರ ಕಟ್ಟಬೇಕಿತ್ತು, ಊತ ಏರುವ ಮೊದಲು ಬಳೆ, ಉಂಗುರ ತೆಗೆಸಬೇಕಿತ್ತು, ನೋವಿನ ಮಾತ್ರೆಯನ್ನೋ ಇಂಜೆಕ್ಷನ್ನನ್ನೋ ಕೊಡಬೇಕಿತ್ತು. ಇದು ಯಾವುದಕ್ಕೂ ಹಾಸಿಗೆ ಬೇಡ, ಕುರ್ಚಿಯಲ್ಲೇ ಆಗುತ್ತದೆ. ಆಗಿಲ್ಲ ಅಂದರೆ ಅದು ಲೋಪ. ಹಸಿರುಬಾಗಿಲು ಅವರು ಜಗಳ ಆಡಬೇಕಾಗಿದ್ದು ಸರದಿಗಲ್ಲ, ಈ ಮಾತ್ರೆಗೆ.

ಟ್ರಯಾಜ್‌ನಲ್ಲಿ ನೋವಿಗೂ ಲೆಕ್ಕ ಇದೆ. ಸೊನ್ನೆಯಿಂದ ಹತ್ತರವರೆಗೆ ಎಷ್ಟು ಅಂತ ಕೇಳುತ್ತೇವೆ. ಆದರೆ ಎಲ್ಲಿ ನೋವು ಅನ್ನುವುದು ಎಷ್ಟು ನೋವು ಅನ್ನುವುದಕ್ಕಿಂತ ಹೆಚ್ಚು ಹೇಳುತ್ತದೆ. ಹಲ್ಲುನೋವು ಹತ್ತಕ್ಕೆ ಹತ್ತು ಇರಬಹುದು, ಎದೆಯ ಭಾರ ಬರೀ ಮೂರು ಇರಬಹುದು. ಮೊದಲು ಹೋಗುವುದು ಮೂರು. ಹದಿಮೂರು ಹದಿನಾಲ್ಕರ ಹುಡುಗ ನಾಚಿಕೊಂಡು "ಕೆಳಹೊಟ್ಟೆ ನೋವು" ಅಂತಷ್ಟೇ ಹೇಳಿದರೆ ನಾನು ಅವನನ್ನು ಪಕ್ಕಕ್ಕೆ ಕರೆದು ಇನ್ನೊಂದು ಪ್ರಶ್ನೆ ಕೇಳುತ್ತೇನೆ. ವೃಷಣ ತಿರುಚಿಕೊಂಡಿದ್ದರೆ ಸುಮಾರು ಆರು ಗಂಟೆಯೊಳಗೆ ಆಪರೇಷನ್ ಆದರೆ ಉಳಿಯುವ ಸಾಧ್ಯತೆ ತುಂಬಾ ಹೆಚ್ಚು, ಆಮೇಲೆ ಬೇಗ ಬೇಗ ಇಳಿಯುತ್ತದೆ. ನಾಚಿಕೆಯಲ್ಲೇ ಆ ಆರು ಗಂಟೆ ಕಳೆದು ಬಂದ ಮಕ್ಕಳನ್ನು ಕಂಡಿದ್ದೇನೆ. ಗಂಡುಮಕ್ಕಳಿರುವವರು ದಯವಿಟ್ಟು ಇದನ್ನು ಅವರಿಗೆ ಹೇಳಿ.

ಪುಟತಿರುವು

ಪದದ ಹಿನ್ನೆಲೆ ಹೇಳುತ್ತೇನೆ. 'ಟ್ರಿಯೆ' ಅಂದರೆ ಫ್ರೆಂಚ್‌ನಲ್ಲಿ ಆರಿಸಿ ಬೇರ್ಪಡಿಸು ಅಂತ. ನೆಪೋಲಿಯನ್ ಸೇನೆಯ ಶಸ್ತ್ರವೈದ್ಯ ಡೊಮಿನಿಕ್ ಜೀನ್ ಲಾರೇ (1766–1842) ಯುದ್ಧಭೂಮಿಯಲ್ಲಿ ಪದವಿ ನೋಡದೆ, ಗಾಯದ ಅಪಾಯ ನೋಡಿ ಚಿಕಿತ್ಸೆ ಕೊಡುವ ಪದ್ಧತಿ ತಂದ. ಅಧಿಕಾರಿಗೆ ಮೊದಲು, ಸಿಪಾಯಿಗೆ ಆಮೇಲೆ ಅನ್ನುವುದೇ ಲೋಕರೂಢಿ ಆಗಿದ್ದ ಕಾಲ ಅದು. ಗಾಯಾಳುಗಳನ್ನು ಬೇಗ ಹೊತ್ತು ತರಲು ಹಗುರ ಕುದುರೆಗಾಡಿಗಳನ್ನೂ ಅವನೇ ಮಾಡಿಸಿದ. 'ಹಾರುವ ಆಂಬುಲೆನ್ಸ್' ಅಂತಲೇ ಅವುಗಳ ಹೆಸರು.

ಇನ್ನೊಂದು ವಿಷಯವನ್ನು ಜನ ಇದರ ಜೊತೆ ಬೆರೆಸಿಬಿಡುತ್ತಾರೆ. ರೈಲು ಅಪಘಾತ, ಭೂಕಂಪದಂಥ ಕಡೆ ಲೆಕ್ಕ ಬೇರೆ. 1983ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ರೂಪುಗೊಂಡ 'ಸ್ಟಾರ್ಟ್' ಎಂಬ ಕ್ರಮ ಇದೆ. "ನಡೆಯಲು ಆಗುವವರೆಲ್ಲ ಈ ಕಡೆ ಬನ್ನಿ" ಅಂತ ಕೂಗುತ್ತಾರೆ, ಬಂದವರೆಲ್ಲ ಹಸಿರು. ಉಳಿದವರಲ್ಲಿ ಉಸಿರು ನಿಮಿಷಕ್ಕೆ 30 ದಾಟಿದ್ದರೆ, ರಕ್ತಸಂಚಾರ ಕುಂದಿದ್ದರೆ, ಇಲ್ಲವೇ ಸರಳವಾದ ಮಾತು ಕೇಳಿ ನಡೆದುಕೊಳ್ಳಲು ಆಗದಿದ್ದರೆ ಕೆಂಪು. ಇದ್ಯಾವುದೂ ಇಲ್ಲದವರು ಹಳದಿ. ಉಸಿರಿನ ದಾರಿ ತೆರೆದರೂ ಉಸಿರಾಡದವರಿಗೆ ಕಪ್ಪು ಪಟ್ಟಿ ಕಟ್ಟಿ ಮುಂದೆ ಹೋಗುತ್ತಾರೆ. ಆಸ್ಪತ್ರೆಯ ಎಮರ್ಜೆನ್ಸಿಯಲ್ಲಿ ಇದೇ ಮನುಷ್ಯನ ಸುತ್ತ ಇಡೀ ತಂಡ ನೆರೆಯುತ್ತಿತ್ತು. ಕೈಗಳು ಕಡಿಮೆ, ಗಾಯಾಳುಗಳು ಹೆಚ್ಚು ಆದಾಗ ಮಾತ್ರ ಆ ನಿಯಮ.

ನೀಲಿಹಕ್ಕಿ

ರಾತ್ರಿಪಾಳಿ ಅವರೇ, ನೀವು ಹೇಳುವುದೆಲ್ಲ ಓದಲು ಸರಿಯಾಗಿದೆ. ಆದರೆ ನಮ್ಮ ಮನೆಯಲ್ಲಿ ಆಗಿದ್ದೇ ಬೇರೆ.

ನಮ್ಮ ಅಪ್ಪನಿಗೆ ಎಪ್ಪತ್ತೊಂದು, ಇಪ್ಪತ್ತು ವರ್ಷದ ಸಕ್ಕರೆ ಕಾಯಿಲೆ, ಬಿಪಿಗೂ ಮಾತ್ರೆ. ಬೆಳಿಗ್ಗೆಯಿಂದ ಸುಸ್ತು, ಹೊಟ್ಟೆಯ ಮೇಲ್ಭಾಗ ಒಂದು ಥರ ತೊಳೆಸುತ್ತೆ ಅಂತಿದ್ದರು. ಎಮರ್ಜೆನ್ಸಿಗೆ ಹೋದಾಗ ಅಪ್ಪನೇ "ಏನಿಲ್ಲ ಸಿಸ್ಟರ್, ಗ್ಯಾಸ್ ಇರಬೇಕು" ಅಂದರು. ನಾಡಿ ಸರಿ ಇತ್ತು, ಬಿಪಿ ಸರಿ ಇತ್ತು. ಹಸಿರು. ಒಂದೂವರೆ ಗಂಟೆ ಕೂತೆವು. ನಡುವೆ ನಾನು ಒಮ್ಮೆ ಎದ್ದು ಹೋಗಿ "ಅಪ್ಪ ಬೆವರುತ್ತಿದ್ದಾರೆ" ಅಂದೆ. "ಸರದಿ ಬರುತ್ತೆ, ಕೂತ್ಕೊಳ್ಳಿ" ಅಂದರು. ಸರದಿ ಬರುವ ಮೊದಲೇ ಅಪ್ಪ ಕುರ್ಚಿಯಿಂದ ಪಕ್ಕಕ್ಕೆ ವಾಲಿದರು.

ಬದುಕಿಕೊಂಡರು. ಆದರೆ ಹೃದಯದ ಒಂದು ಭಾಗ ಮತ್ತೆ ಸರಿಹೋಗಲಿಲ್ಲ. ಈಗ ಎಂಟು ಮೆಟ್ಟಿಲು ಹತ್ತಿದರೆ ಕೂರಬೇಕು. ಆ ಒಂದೂವರೆ ಗಂಟೆ ನನ್ನ ಕಣ್ಣಮುಂದಿನಿಂದ ಹೋಗುವುದೇ ಇಲ್ಲ.

ತುರ್ತುವೈದ್ಯ

ನೀಲಿಹಕ್ಕಿ ಅವರೇ, ನಿಮ್ಮ ತಂದೆಯವರಿಗೆ ಆದದ್ದಕ್ಕೆ ಸಮಜಾಯಿಷಿ ಕೊಡಲು ನಾನು ಬಂದಿಲ್ಲ. ಅದಕ್ಕೆ ನಮ್ಮಲ್ಲಿ 'ಅಂಡರ್‌ಟ್ರಯಾಜ್' ಅನ್ನುತ್ತಾರೆ, ಇರಬೇಕಾದ ಮಟ್ಟಕ್ಕಿಂತ ಕೆಳಗೆ ಇಡುವುದು. ನಮ್ಮ ಕೆಲಸದಲ್ಲಿ ಎಲ್ಲಕ್ಕಿಂತ ದೊಡ್ಡ ತಪ್ಪು ಇದು. ಇದರಲ್ಲಿ ಎರಡು ಸಲ ಎಡವಿದ್ದಾರೆ, ಎರಡನೆಯದು ಇನ್ನೂ ದೊಡ್ಡದು.

ಮೊದಲನೆಯದು, ಸಕ್ಕರೆ ಕಾಯಿಲೆ ಇರುವ ಹಿರಿಯರಲ್ಲಿ ಹೃದಯಾಘಾತ ಎದೆನೋವಿಲ್ಲದೇ ಬರಬಹುದು. ಹೆಂಗಸರಲ್ಲೂ ಹಲವು ಸಲ ಸುಸ್ತು, ವಾಕರಿಕೆ, ದವಡೆ ನೋವು, ಏದುಸಿರು ಇವೇ ಮುಂದಾಗಿರುತ್ತವೆ. ಬಿಪಿಗೆ ತೆಗೆದುಕೊಳ್ಳುವ ಕೆಲವು ಮಾತ್ರೆಗಳು, ಮುಖ್ಯವಾಗಿ ಬೀಟಾ ಬ್ಲಾಕರ್‌ಗಳು, ನಾಡಿ ಏರದಂತೆ ಹಿಡಿದಿಡುತ್ತವೆ. ಅಂಥವರ ನಾಡಿ 76 ಅಂತ ತೋರಿಸಿದರೆ ಅದನ್ನು ನಂಬಿ ಕೂರುವಂತಿಲ್ಲ. ವಯಸ್ಸಾದವರಲ್ಲಿ ರಕ್ತಕ್ಕೆ ನಂಜೇರಿದರೂ ಜ್ವರ ಬರದೇ ಇರಬಹುದು, ಬರೀ ಗಲಿಬಿಲಿ ಮಾತು ಇರಬಹುದು. ಹೀಗಾಗಿ ಹೊಟ್ಟೆಯ ಮೇಲ್ಭಾಗ ತೊಳೆಸುತ್ತೆ ಅನ್ನುವ ಎಪ್ಪತ್ತರ ಮಧುಮೇಹಿಗೆ ಬಂದ ಕೂಡಲೇ ಇಸಿಜಿ ಆಗಬೇಕಿತ್ತು.

ಎರಡನೆಯದು, ನೀವು ಎದ್ದು ಹೋಗಿ ಹೇಳಿದ ಮೇಲೂ ಮತ್ತೆ ನೋಡಲಿಲ್ಲ. ಟ್ರಯಾಜ್ ಒಂದು ಸಲ ಹಾಕಿ ಮುಗಿಸುವ ಮುದ್ರೆ ಅಲ್ಲ. ಕಾಯುತ್ತಿರುವವರನ್ನು ಮತ್ತೆ ಮತ್ತೆ ನೋಡಬೇಕು, ಸ್ಥಿತಿ ಬದಲಾದರೆ ಮಟ್ಟ ಬದಲಾಗಬೇಕು. "ಬೆವರುತ್ತಿದ್ದಾರೆ" ಅಂತ ಮಗಳು ಹೇಳಿದ್ದು ಹೊಸ ಮಾಹಿತಿ. ಅದು ಬಂದ ಕ್ಷಣಕ್ಕೆ ಹಳೆಯ ಹಸಿರು ರದ್ದಾಗಬೇಕಿತ್ತು.

ಬೆರಳಿನ ಕ್ಲಿಪ್ ಬಗ್ಗೆಯೂ ಹೇಳಬೇಕು. ಪಲ್ಸ್ ಆಕ್ಸಿಮೀಟರ್ ಚರ್ಮದ ಮೂಲಕ ಬೆಳಕು ಹಾಯಿಸಿ ಅಳೆಯುತ್ತದೆ. ಕಪ್ಪು ಮೈಬಣ್ಣದವರಲ್ಲಿ ಅದು ಆಕ್ಸಿಜನ್ನನ್ನು ಇರುವುದಕ್ಕಿಂತ ಹೆಚ್ಚು ತೋರಿಸುವ ಸಾಧ್ಯತೆ ಇದೆ. ಅಮೆರಿಕದ ರೋಗಿಗಳ ಮೇಲೆ ನಡೆದು 2020ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಯಂತ್ರದ ಕಣ್ಣಿಗೆ ಬೀಳದ ಆಕ್ಸಿಜನ್ ಕೊರತೆ ಬಿಳಿಯರಿಗಿಂತ ಕರಿಯರಲ್ಲಿ ಸುಮಾರು ಮೂರು ಪಟ್ಟು ಹೆಚ್ಚು ಕಂಡಿತ್ತು. ಪರದೆಯ ಮೇಲಿನ 94ಕ್ಕಿಂತ ಎದುರಿಗೆ ಏದುಸಿರು ಬಿಡುತ್ತಿರುವ ಮನುಷ್ಯನನ್ನು ನಂಬಿ ಅಂತ ನನ್ನ ಕಿರಿಯರಿಗೆ ದಿನಾ ಹೇಳುತ್ತೇನೆ.

ಹಸಿರುಬಾಗಿಲು

ನೀಲಿಹಕ್ಕಿ ಅವರೇ, ಓದಿ ಮನಸ್ಸು ಕಲಕಿತು. ನಾನು ಮುರಿದ ಕೈಗೆ ಜಗಳ ಆಡಿದೆ, ನೀವು ಆಡಬೇಕಾದ ಕಡೆ ಸುಮ್ಮನೆ ಬಂದು ಕೂತಿರಿ.

ಡಾಕ್ಟರೇ, ಈ ಹಸಿರು ಹಳದಿ ಎಲ್ಲ ಕಡೆಯೂ ಒಂದೇ ಅರ್ಥವಾ?

ತುರ್ತುವೈದ್ಯ

ಅಲ್ಲ. ಹೆಚ್ಚು ಬಳಕೆಯಲ್ಲಿರುವುದು ಐದು ಮಟ್ಟದ ಪದ್ಧತಿಗಳು. ಆಸ್ಟ್ರೇಲಿಯಾದ್ದು ಅಂಕಿಗಳಲ್ಲಿದೆ: ಒಂದನೆಯವರಿಗೆ ತಕ್ಷಣ, ಎರಡಕ್ಕೆ 10 ನಿಮಿಷ, ಮೂರಕ್ಕೆ 30, ನಾಲ್ಕಕ್ಕೆ 60, ಐದಕ್ಕೆ 120. ಇಷ್ಟರೊಳಗೆ ಚಿಕಿತ್ಸೆ ಶುರುವಾಗಬೇಕು ಅಂತ, ಮುಗಿಯಬೇಕು ಅಂತ ಅಲ್ಲ. ಅದರಲ್ಲೂ ಮೊದಲ ಮಟ್ಟದಲ್ಲಿ ನೂರಕ್ಕೆ ನೂರು ಪಾಲಿಸಬೇಕು, ಎರಡರಲ್ಲಿ 80, ಮೂರರಲ್ಲಿ 75, ಕೊನೆಯ ಎರಡರಲ್ಲಿ 70 ಎಂಬ ಗುರಿ ಇದೆ. ಮೂರನೇ ಮಟ್ಟದವರಲ್ಲಿ ಕಾಲುಭಾಗ ಜನ 30 ನಿಮಿಷ ದಾಟಿ ಕಾಯಬಹುದು ಅಂತ ಪದ್ಧತಿಯೇ ಒಪ್ಪಿಕೊಂಡ ಹಾಗಾಯಿತು.

1990ರ ದಶಕದಲ್ಲಿ ಇಂಗ್ಲೆಂಡಿನ ಮ್ಯಾಂಚೆಸ್ಟರ್‌ನಲ್ಲಿ ಶುರುವಾದದ್ದು ಬಣ್ಣಗಳ ಪದ್ಧತಿ: ಕೆಂಪು, ಕಿತ್ತಳೆ, ಹಳದಿ, ಹಸಿರು, ನೀಲಿ. ಅಲ್ಲಿ ಹಳದಿಗೆ 60 ನಿಮಿಷ, ಹಸಿರಿಗೆ 120, ನೀಲಿಗೆ 240. ದಕ್ಷಿಣ ಆಫ್ರಿಕಾದಲ್ಲಿ ನೀಲಿ ಅಂದರೆ ತೀರಿಕೊಂಡವರು. ಮೂರೇ ಬಣ್ಣಗಳಲ್ಲಿ ಕೆಲಸ ಮಾಡುವ ಆಸ್ಪತ್ರೆಗಳೂ ಇವೆ, ಅಲ್ಲಿ ಹಳದಿಯೊಳಗೆ ತುಂಬಾ ಬಗೆಯ ರೋಗಿಗಳು ಸೇರಿಬಿಡುತ್ತಾರೆ. ಒಂದು ಕಡೆ ಕಲಿತ ಬಣ್ಣದ ಅರ್ಥವನ್ನು ಇನ್ನೊಂದು ಕಡೆ ನಂಬಬೇಡಿ, "ಈ ಬಣ್ಣಕ್ಕೆ ನಿಮ್ಮಲ್ಲಿ ಎಷ್ಟು ಹೊತ್ತು?" ಅಂತ ಕೇಳಿ.

ಅಮೆರಿಕದ ಇಎಸ್‌ಐ (ಎಮರ್ಜೆನ್ಸಿ ಸಿವಿಯಾರಿಟಿ ಇಂಡೆಕ್ಸ್) ಎಂಬ ಐದು ಮಟ್ಟದ ಟ್ರಯಾಜ್ ಪದ್ಧತಿಯ ಯೋಚನೆ ನನಗೆ ಹಿಡಿಸುತ್ತದೆ. ಈಗಲೇ ಜೀವ ಉಳಿಸುವ ಕೆಲಸ ಬೇಕಾ? ಹೌದು ಅಂದರೆ ಒಂದನೇ ಮಟ್ಟ. ಇಲ್ಲ ಅಂದರೆ, ಕಾಯಲೇಬಾರದ ಸ್ಥಿತಿಯಾ? ಹೌದು ಅಂದರೆ ಎರಡು. ಉಳಿದವರಿಗೆ ಎಷ್ಟು ಬಗೆಯ ಸೌಲಭ್ಯ ಬೇಕಾಗಬಹುದು ಅಂತ ನರ್ಸ್ ಊಹಿಸುತ್ತಾರೆ: ರಕ್ತಪರೀಕ್ಷೆ, ಎಕ್ಸ್‌ರೇ, ಡ್ರಿಪ್ ಇಂಥವು. ಎರಡೋ ಹೆಚ್ಚೋ ಬೇಕಾದರೆ ಮೂರು, ಒಂದೇ ಆದರೆ ನಾಲ್ಕು, ಏನೂ ಬೇಡ ಅಂದರೆ ಐದು. ನಾಲ್ಕು ಐದರವರಿಗೆ ಕೆಲವು ಆಸ್ಪತ್ರೆಗಳಲ್ಲಿ ಬೇರೆಯದೇ ಕೋಣೆ, ಬೇರೆಯದೇ ಡಾಕ್ಟರ್ ಇರುತ್ತಾರೆ. ಕಾಲಿಗೆ ಎರಡು ಹೊಲಿಗೆ ಬೇಕಾದವನು ನಿಮಗಿಂತ ಬೇಗ ಹೊರಗೆ ಬಂದರೆ ಅವನು ನಿಮ್ಮ ಸಾಲಿನಲ್ಲಿ ಇರಲೇ ಇಲ್ಲ ಅಂತ ಅರ್ಥ.

ಒಂಟಿಮರ

ನನ್ನ ಗೆಳೆಯ ಹೇಳುತ್ತಿದ್ದ, ಆಂಬುಲೆನ್ಸ್‌ನಲ್ಲಿ ಹೋದರೆ ನೇರ ಒಳಗೆ. ಇಲ್ಲದಿದ್ದರೆ ಸುಮ್ಮನೆ "ಎದೆನೋವು" ಅನ್ನಬೇಕಂತೆ.

ರಾತ್ರಿಪಾಳಿ

ದಯವಿಟ್ಟು ಹಾಗೆ ಮಾಡಬೇಡಿ. ಆಂಬುಲೆನ್ಸ್‌ನಲ್ಲಿ ಬಂದವರಿಗೂ ಅದೇ ಟ್ರಯಾಜ್. ಕಾಲು ಉಳುಕಿ ಆಂಬುಲೆನ್ಸ್‌ನಲ್ಲಿ ಬಂದವರನ್ನು ಇಳಿಸಿ ಕುರ್ಚಿಗೆ ಕಳಿಸಿದ್ದೇನೆ. ಎದೆನೋವು, ಸ್ಟ್ರೋಕ್, ಉಸಿರಾಟದ ತೊಂದರೆ ಇದ್ದಾಗ ಆಂಬುಲೆನ್ಸ್ ಬೇಕು, ಯಾಕೆಂದರೆ ದಾರಿಯಲ್ಲೇ ಚಿಕಿತ್ಸೆ ಶುರುವಾಗುತ್ತದೆ, ಆಸ್ಪತ್ರೆಗೆ ಮುಂಚೆಯೇ ಸುದ್ದಿ ಮುಟ್ಟುತ್ತದೆ.

ಇನ್ನು ಸುಳ್ಳು ಎದೆನೋವು. ಒಂದು ಇಸಿಜಿ ಯಂತ್ರ, ಒಬ್ಬ ನರ್ಸ್, ಒಬ್ಬ ಡಾಕ್ಟರ್ ಹತ್ತು ನಿಮಿಷ ನಿಮ್ಮ ಸುಳ್ಳಿಗೆ ಹೋಗುತ್ತಾರೆ. ಆ ಹತ್ತು ನಿಮಿಷ ಹೊರಗೆ ಕೂತ ನೀಲಿಹಕ್ಕಿ ಅವರ ಅಪ್ಪನಂಥವರದು.

ಇಬ್ಬರ ಅಮ್ಮ

ಮಕ್ಕಳ ವಿಷಯ ಯಾರೂ ಎತ್ತಲಿಲ್ಲ. ನನ್ನ ದೊಡ್ಡವಳಿಗೆ ನಾಲ್ಕು ವರ್ಷ ಇದ್ದಾಗ 103 ಡಿಗ್ರಿ ಜ್ವರ, ಕಾಯಿಸಿದರು. ಚಿಕ್ಕವನಿಗೆ ಒಂದೂವರೆ ತಿಂಗಳಿದ್ದಾಗ 100.8, ಓಡಿಕೊಂಡು ಬಂದು ಎತ್ತಿಕೊಂಡು ಹೋದರು. ಆಗ ನನಗೆ ತಲೆಬುಡ ಅರ್ಥ ಆಗಿರಲಿಲ್ಲ.

ತುರ್ತುವೈದ್ಯ

ಅವರು ಮಾಡಿದ್ದು ಸರಿ. ಮೂರು ತಿಂಗಳೊಳಗಿನ ಕೂಸಿಗೆ 100.4 ಮುಟ್ಟಿದರೇ ತುರ್ತು. ಆ ವಯಸ್ಸಿನಲ್ಲಿ ಗಂಭೀರ ಸೋಂಕು ಇದ್ದರೂ ಹೊರಗೆ ಬೇರೆ ಗುರುತು ಕಾಣದೇ ಇರಬಹುದು. ನಾಲ್ಕು ವರ್ಷದ ಮಗುವಿನಲ್ಲಿ ನಾವು ಥರ್ಮಾಮೀಟರಿಗಿಂತ ಮಗುವನ್ನೇ ನೋಡುತ್ತೇವೆ. 103 ಇದ್ದೂ ಸುತ್ತಮುತ್ತ ನೋಡುತ್ತಾ, ನೀರು ಕುಡಿಯುತ್ತಾ ಇದ್ದರೆ ಒಂದು ಲೆಕ್ಕ. 101 ಇದ್ದು ಹೆಗಲ ಮೇಲೆ ಬಟ್ಟೆಯ ಹಾಗೆ ಜೋತು ಬಿದ್ದಿದ್ದರೆ, ಉಸಿರಾಡುವಾಗ ಪಕ್ಕೆಲುಬಿನ ನಡುವೆ ಚರ್ಮ ಒಳಗೆ ಎಳೆಯುತ್ತಿದ್ದರೆ ಬೇರೆಯೇ ಲೆಕ್ಕ. ಮಕ್ಕಳ ಬಿಪಿ ಕೊನೆಯವರೆಗೂ ಸರಿಯಾಗೇ ಇದ್ದು ಆಮೇಲೆ ಒಮ್ಮೆಲೇ ಕುಸಿಯುತ್ತದೆ. ಬಿಪಿ ಇಳಿಯಲಿ ಅಂತ ಕಾದರೆ ಕೈಮೀರಿದ ಹಾಗೆ.

ವಿಶ್ವ ಆರೋಗ್ಯ ಸಂಸ್ಥೆ ಮಕ್ಕಳಿಗೆಂದೇ ಒಂದು ಸರಳ ಕ್ರಮ ಮಾಡಿದೆ: ತುರ್ತು, ಆದ್ಯತೆ, ಸರದಿ. ಎರಡು ತಿಂಗಳೊಳಗಿನ ಕೂಸು ಬಂದರೆ ಬೇರೇನೂ ಕೇಳದೆ ಆದ್ಯತೆಗೆ ಹಾಕುತ್ತಾರೆ. ನಿಮ್ಮ ಚಿಕ್ಕವನಿಗೆ ಆಗಿದ್ದು ಅದೇ.

ಪುಟತಿರುವು

ಒಂದು ಸಂದೇಹ. ಸಣ್ಣಪುಟ್ಟದ್ದಕ್ಕೆಲ್ಲ ಎಮರ್ಜೆನ್ಸಿಗೆ ಬರುವವರಿಂದಲೇ ಇಷ್ಟು ಕಾಯಬೇಕಾಗಿದೆ ಅಂತ ಎಲ್ಲರೂ ಹೇಳುತ್ತಾರೆ. ನಿಜವಾ?

ರಾತ್ರಿಪಾಳಿ

ಅದು ತೀರಾ ಸಣ್ಣ ಪಾಲು. ನೆಗಡಿಗೆ ಬಂದವರು ಹಾಸಿಗೆ ಹಿಡಿಯುವುದಿಲ್ಲ, ಐದು ನಿಮಿಷದ ಮಾತು, ಒಂದು ಚೀಟಿ, ಹೊರಟರು. ನಮ್ಮನ್ನು ಕಟ್ಟಿಹಾಕುವುದು ಬೇರೆ. ಎಮರ್ಜೆನ್ಸಿಯ ಕೆಲಸ ಮುಗಿದು, ಅಡ್ಮಿಟ್ ಮಾಡಿ ಅಂತ ಬರೆದಾದ ಮೇಲೂ ಮೇಲಿನ ವಾರ್ಡಿನಲ್ಲಿ ಹಾಸಿಗೆ ಖಾಲಿ ಇಲ್ಲದೆ ನಮ್ಮಲ್ಲೇ ಮಲಗಿರುತ್ತಾರಲ್ಲ, ಅವರು. ಅವರದೇನೂ ತಪ್ಪಿಲ್ಲ. ಇಪ್ಪತ್ತು ಹಾಸಿಗೆಯಲ್ಲಿ ಹನ್ನೆರಡು ಹಾಗೆ ತುಂಬಿದ್ದರೆ ನಾನು ಎಂಟು ಹಾಸಿಗೆಯ ಎಮರ್ಜೆನ್ಸಿ ನಡೆಸುತ್ತಿದ್ದೇನೆ. ಹಸಿರುಬಾಗಿಲು ಅವರ ಅಮ್ಮ ಕಾದ ಮೂರೂವರೆ ಗಂಟೆಗೆ ಕಾರಣ ಆ ಬಾಗಿಲಲ್ಲಿ ಇರಲಿಕ್ಕಿಲ್ಲ, ಎರಡು ಮಹಡಿ ಮೇಲಿನ ವಾರ್ಡಿನಲ್ಲಿ ಇದ್ದಿರಬಹುದು. ಬಾಗಿಲ ಹತ್ತಿರ ಕೂತವರ ಮೇಲೆ ಕೂಗುವ ಜನರಿಗೆ ಅದು ಕಾಣುವುದಿಲ್ಲ. ಅದನ್ನು ಸರಿಮಾಡಬೇಕಾದವರಿಗೆ ಕೂಗು ಕೇಳಿಸುವುದೂ ಇಲ್ಲ. ಈ ಕೆಲಸದಲ್ಲಿ ನನಗೆ ಎಲ್ಲಕ್ಕಿಂತ ಹೆಚ್ಚು ಸಂಕಟ ಕೊಡುವುದು ಇದೇ.

ನೀಲಿಹಕ್ಕಿ

ಮುಂದಿನ ಸಲ ನಾನು ಏನು ಹೇಳಬೇಕು ಅಂತ ಹೇಳಿಕೊಡಿ. ಅಪ್ಪ ಮತ್ತೆ "ಗ್ಯಾಸ್" ಅಂತಲೇ ಹೇಳುತ್ತಾರೆ, ನನಗೆ ಗೊತ್ತು.

ರಾತ್ರಿಪಾಳಿ

ಕಾಯಿಲೆಯ ಹೆಸರು ಹೇಳಬೇಡಿ, ಕಂಡದ್ದು ಹೇಳಿ. "ಗ್ಯಾಸ್" ಅನ್ನುವುದು ತೀರ್ಪು. "ಬೆಳಿಗ್ಗೆ ಆರರಿಂದ ಸುಸ್ತು, ಹತ್ತಕ್ಕೆ ಬೆವರು ಶುರುವಾಯಿತು, ಯಾವತ್ತೂ ಹೀಗೆ ಆಗಿರಲಿಲ್ಲ" ಅನ್ನುವುದು ಮಾಹಿತಿ. ಮೊದಲ ವಾಕ್ಯದಲ್ಲೇ "ಸಕ್ಕರೆ ಕಾಯಿಲೆ ಇದೆ, ಒಮ್ಮೆ ಹೃದಯಾಘಾತ ಆಗಿದೆ" ಅಂತ ಬಂದುಬಿಡಲಿ. ಮಾತ್ರೆಗಳ ಫೋಟೋ ನಿಮ್ಮ ಫೋನಿನಲ್ಲಿರಲಿ. ರಕ್ತ ತೆಳುವಾಗಿಸುವ ಮಾತ್ರೆ ಇದ್ದರೆ ಕೇಳದಿದ್ದರೂ ಹೇಳಿ. ಅದನ್ನು ತಿನ್ನುವವರು ತಲೆಗೆ ಪೆಟ್ಟು ಬಿದ್ದು ಬಂದರೆ ಹೊರಗೆ ಗಾಯ ಕಾಣದಿದ್ದರೂ ನಾವು ಬೇರೆ ಥರ ನೋಡುತ್ತೇವೆ. ಬರುವ ಮೊದಲು ನೋವಿನ ಅಥವಾ ಜ್ವರದ ಮಾತ್ರೆ ಕೊಟ್ಟಿದ್ದರೆ ಎಷ್ಟು ಗಂಟೆಗೆ ಅಂತ ಹೇಳಿ, ಬೈಯುತ್ತಾರೆ ಅಂತ ಮುಚ್ಚಿಡಬೇಡಿ.

ಬಾಯಿ ಸೊಟ್ಟಗಾಗಿ, ಮಾತು ತೊದಲಿ, ಒಂದು ಕೈಗೆ ಶಕ್ತಿ ಹೋಗಿದ್ದರೆ ನಮಗೆ ಬೇಕಾಗಿರುವುದು ಒಂದೇ ಸಮಯ: ಕೊನೆಯ ಸಲ ಅವರು ಸರಿಯಾಗಿ ಇದ್ದದ್ದು ಎಷ್ಟು ಹೊತ್ತಿಗೆ? ಹೆಪ್ಪು ಕರಗಿಸುವ ಔಷಧಿಯನ್ನು ಸಾಮಾನ್ಯವಾಗಿ ನಾಲ್ಕೂವರೆ ಗಂಟೆಯೊಳಗೆ ಕೊಡಬೇಕು, ಆ ಗಡಿಯಾರ ಅಲ್ಲಿಂದಲೇ ಓಡುತ್ತದೆ. ಕೈಗೆ ಶಕ್ತಿ ವಾಪಸ್ ಬಂತು ಅಂತ ದಾರಿಯಿಂದ ಮನೆಗೆ ತಿರುಗಬೇಡಿ.

ಕಾಯುವಾಗ ಏನಾದರೂ ಬದಲಾದರೆ ಎದ್ದು ಬನ್ನಿ. "ಇನ್ನೆಷ್ಟು ಹೊತ್ತು?" ಅಂತ ಕೇಳಬೇಡಿ, ಅದಕ್ಕೆ ನಮ್ಮ ಬಾಯಿಂದ ತಾನಾಗಿ ಒಂದೇ ಉತ್ತರ ಬರುತ್ತದೆ. "ಆಗ ಬೆವರು ಇರಲಿಲ್ಲ, ಈಗ ಇದೆ. ಮತ್ತೊಮ್ಮೆ ಟ್ರಯಾಜ್ ಮಾಡಿ" ಅನ್ನಿ. ಆ ಮಾತು ಹೇಳಿದರೆ ಎದ್ದು ಬಂದು ನೋಡಲೇಬೇಕು.

ಹಸಿರುಬಾಗಿಲು

ಅಮ್ಮನ ಬಗ್ಗೆ ಕೇಳಿದ್ದಿರಿ, ಹೇಳುವುದೇ ಮರೆತೆ. ಪ್ಲಾಸ್ಟರ್ ಹಾಕಿದ್ದಾರೆ, ನೋವು ಕಡಿಮೆ ಇದೆ. ಆದರೆ ಇವತ್ತು ಸಂಜೆಯಿಂದ ಬೆರಳು ಸ್ವಲ್ಪ ಊದಿದ ಹಾಗಿದೆ ಅಂತಿದ್ದಾರೆ. ಇದಕ್ಕೆ ಮತ್ತೆ ಅಲ್ಲಿಗೆ ಹೋಗಬೇಕಾ? ಮತ್ತೆ ಮೂರೂವರೆ ಗಂಟೆ ಕೂರಬೇಕಲ್ಲ ಅಂತ ಅಮ್ಮ ಒಪ್ಪುತ್ತಿಲ್ಲ.

ರಾತ್ರಿಪಾಳಿ

ಈಗಲೇ ನೋಡಿ. ಕೈಯನ್ನು ದಿಂಬಿನ ಮೇಲೆ ಎದೆಗಿಂತ ಎತ್ತರಕ್ಕೆ ಇಡಿ. ಉಗುರು ಒತ್ತಿ ಬಿಡಿ, ಬಣ್ಣ ಎರಡು ಸೆಕೆಂಡಿನಲ್ಲಿ ಬರುತ್ತಿದೆಯಾ? ಬೆರಳೆಲ್ಲ ಮಡಚಿ ಬಿಚ್ಚಲು ಆಗುತ್ತಿದೆಯಾ? ಮುಟ್ಟಿದ್ದು ಗೊತ್ತಾಗುತ್ತಿದೆಯಾ? ಎಲ್ಲ ಸರಿ ಇದ್ದು ಬರೀ ಊತ ಆಗಿದ್ದರೆ, ಕೈ ಎತ್ತರದಲ್ಲಿ ಇಟ್ಟ ಮೇಲೆ ಅರ್ಧ ಗಂಟೆಯಲ್ಲಿ ಇಳಿಯಲು ಶುರುವಾಗಬೇಕು.

ಇಳಿಯದಿದ್ದರೆ, ಬೆರಳು ಬಿಳಿಚಿದ್ದರೆ, ನೀಲಿಯಾದರೆ, ಜೋಮು ಹಿಡಿದರೆ, ಇಲ್ಲವೇ ಮಾತ್ರೆಗೂ ಬಗ್ಗದ ನೋವು ಏರುತ್ತಿದ್ದರೆ ಬೆಳಗಾಗುವವರೆಗೆ ಕಾಯದೆ ಹೊರಡಿ. ಬಾಗಿಲಲ್ಲಿ ಮೊದಲ ಮಾತೇ "ಪ್ಲಾಸ್ಟರ್ ಹಾಕಿದ ಕೈ, ಬೆರಳಿಗೆ ಸ್ಪರ್ಶ ಇಲ್ಲ" ಅಂತ ಇರಲಿ. ಅದೇ ಕೈ, ಅದೇ ಅಮ್ಮ, ಆದರೆ ಈ ಸಲ ಹಸಿರು ಹಾಕುವಂತಿಲ್ಲ.

ಹಸಿರುಬಾಗಿಲು

ನೋಡಿದೆ. ಬಣ್ಣ ಬರುತ್ತಿದೆ, ಬೆರಳು ಮಡಚುತ್ತಿದ್ದಾರೆ, ಮುಟ್ಟಿದ್ದು ಗೊತ್ತಾಗುತ್ತಿದೆ. ದಿಂಬಿನ ಮೇಲೆ ಇಡಿಸಿದ್ದೇನೆ. ಅರ್ಧ ಗಂಟೆ ಬಿಟ್ಟು ಮತ್ತೆ ಬರೆಯುತ್ತೇನೆ.

ರಾತ್ರಿಪಾಳಿ

ಬರೆಯಿರಿ. ಇವತ್ತು ನನಗೆ ರಜೆ, ಎದ್ದಿರುತ್ತೇನೆ.